ಕೈಯಲ್ಲೇ ಕಲಸಲು, ಕಡೆಯಲು ಯಾವ ಸಾಧನ? ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ಕರೆಂಟ್ ಬೇಡದ ಕಲಸುವ ಸಾಧನಗಳ ಬಗ್ಗೆಯೇ ಇವೆ. ತಂತಿ ಕುಣಿಕೆಗಳಿಂದ ಕಡೆಯುವ ವಿಸ್ಕ್, ಹಿಡಿ ತಿರುಗಿಸುವ ಬೀಟರ್, ಮರದ ಚಮಚ, ಚಪ್ಪಟೆ ಅಲಗಿನ ಸ್ಪ್ಯಾಚುಲಾ ಎಲ್ಲವೂ ಕಲಸುತ್ತವೆ ನಿಜ. ಆದರೆ ಒಂದರ ಕೆಲಸವನ್ನು ಇನ್ನೊಂದಕ್ಕೆ ಒಪ್ಪಿಸಿದಾಗ ನೊರೆ ಬರುವುದಿಲ್ಲ, ಹಿಟ್ಟು ಗಂಟು ಕಟ್ಟುತ್ತದೆ, ಕೈಯೂ ಸೋಲುತ್ತದೆ.

ಪ್ರಶ್ನೆ: ಅಂಗಡಿಯಲ್ಲಿ ವಿಸ್ಕ್‌ಗಳೇ ಐದಾರು ಬಗೆ ಇವೆ. ಒಂದನ್ನೇ ಕೊಳ್ಳುವುದಾದರೆ ಯಾವುದನ್ನು ಕೊಳ್ಳಲಿ? ತಂತಿ ಹೆಚ್ಚಿದ್ದಷ್ಟೂ ಒಳ್ಳೆಯದೇ?

ಉತ್ತರ: ಮೊದಲು ಒಂದು ವಿಷಯ ತೀರ್ಮಾನಿಸಿಕೊಳ್ಳಿ. ನೀವು ಹೆಚ್ಚಾಗಿ ಮಾಡುವ ಪದಾರ್ಥಕ್ಕೆ ಗಾಳಿ ತುಂಬಬೇಕೋ, ಗಾಳಿ ಸೇರದಂತೆ ಬರೀ ಬೆರೆಸಬೇಕೋ? ಮೊಟ್ಟೆಯ ಬಿಳಿ ಮತ್ತು ಕ್ರೀಮ್‌ಗೆ ಗಾಳಿ ಬೇಕು. ಅದಕ್ಕೆ ಹೊಟ್ಟೆ ಅಗಲವಾಗಿರುವ, ತೆಳುವಾದ, ಬಾಗುವ ತಂತಿಗಳ ಬಲೂನ್ ವಿಸ್ಕ್ ಸರಿ. ಸಾಸ್ ಮತ್ತು ಗಟ್ಟಿ ಹಾಲಿನ ಪಾಕಗಳಿಗೆ ಬೇಕಾದದ್ದು ಗಂಟು ಒಡೆಯುವ ಶಕ್ತಿ, ಪಾತ್ರೆಯ ಮೂಲೆ ಮುಟ್ಟುವ ಆಕಾರ. ಅದಕ್ಕೆ ಉದ್ದವಾಗಿ ಕಿರಿದಾದ, ತಂತಿ ತುಸು ಗಡುಸಾದ ಸಾಸ್ ವಿಸ್ಕ್ ಬರಬೇಕು.

ಒಂದೇ ಸಾಕೆಂದರೆ ಇವೆರಡರ ನಡುವಿನದನ್ನು ಆರಿಸಿ: ಒಟ್ಟು ಉದ್ದ 25ರಿಂದ 28 ಸೆಂ.ಮೀ., ಹೊಟ್ಟೆ ತೀರಾ ಗುಂಡಗಿರದ, 9ರಿಂದ 11 ತಂತಿ ಕುಣಿಕೆಗಳಿರುವ ವಿಸ್ಕ್. ತಂತಿ ಹೆಚ್ಚಾದಷ್ಟೂ ಒಂದೊಂದು ಬೀಸಿಗೆ ದ್ರವ ಹೆಚ್ಚು ಕಡೆ ಸೀಳಿಕೊಳ್ಳುತ್ತದೆ, ನೊರೆ ಬೇಗ ಬರುತ್ತದೆ. ಆದರೆ ತಂತಿಗಳು ತೀರಾ ಒತ್ತಾಗಿದ್ದರೆ ಸ್ವಲ್ಪ ಗಟ್ಟಿಯಾದ ಹಿಟ್ಟೂ ಒಳಗೆ ಸಿಕ್ಕಿಕೊಂಡು ಮುದ್ದೆಯಾಗುತ್ತದೆ. ಐದಾರೇ ಕುಣಿಕೆ ಇರುವ ಅಗ್ಗದ ವಿಸ್ಕ್‌ನಲ್ಲಿ ಮೊಟ್ಟೆಯ ಬಿಳಿಗೆ ನೊರೆ ಬರಿಸಲು ಹೊರಟರೆ ತೋಳು ನೋಯುವುದೊಂದೇ ಲಾಭ.

ಕೊಳ್ಳುವ ಮುಂಚೆ ತಂತಿಗಳನ್ನು ಅಂಗೈಗೆ ಒತ್ತಿ ಬಿಡಿ, ಹಳೆಯ ಆಕಾರಕ್ಕೆ ಮರಳಬೇಕು. ತಂತಿಗಳು ಹಿಡಿಯೊಳಗೆ ಹೋಗುವ ಜಾಗವನ್ನು ಬೆಳಕಿಗೆ ಹಿಡಿದು ನೋಡಿ. ಅಲ್ಲಿ ಸಂದು ಕಂಡರೆ ಅದರೊಳಗೆ ನೀರೂ ಹೋಗುತ್ತದೆ, ಹಿಟ್ಟೂ ಹೋಗುತ್ತದೆ. ಸಂದು ಪೂರ್ತಿ ಮುಚ್ಚಿರುವುದನ್ನೇ ಆರಿಸಿ.

ಪ್ರಶ್ನೆ: ಮೂರು ಮೊಟ್ಟೆಯ ಬಿಳಿಯನ್ನು ಕಾಲು ಗಂಟೆ ಕಡೆದರೂ ತುದಿ ನಿಲ್ಲುವಷ್ಟು ಗಟ್ಟಿಯಾಗುತ್ತಿಲ್ಲ. ಬಲೂನ್ ವಿಸ್ಕ್ ಇದೆ, ಬಳಸುತ್ತಿರುವುದು ಪ್ಲಾಸ್ಟಿಕ್ ಬಟ್ಟಲು. ತಪ್ಪು ಎಲ್ಲಿದೆ?

ಉತ್ತರ: ಮೊದಲ ಅನುಮಾನ ಬಟ್ಟಲಿನ ಮೇಲೆ. ಪ್ಲಾಸ್ಟಿಕ್ ಎಷ್ಟು ತೊಳೆದರೂ ಜಿಡ್ಡಿನ ತೆಳು ಪದರವನ್ನು ಬಿಡುವುದಿಲ್ಲ. ಬಿಳಿಯ ಪ್ರೋಟೀನ್‌ಗಳು ಗಾಳಿಗುಳ್ಳೆಯ ಸುತ್ತ ಬಿಚ್ಚಿಕೊಂಡು, ಒಂದಕ್ಕೊಂದು ಹೆಣೆದುಕೊಂಡರೆ ಮಾತ್ರ ನೊರೆ ನಿಲ್ಲುತ್ತದೆ. ಜಿಡ್ಡು ಆ ಜಾಗಕ್ಕೆ ತಾನು ನುಗ್ಗಿ ಹೆಣಿಗೆಗೆ ಅಡ್ಡಿಯಾಗುತ್ತದೆ. ಹಳದಿಯಲ್ಲೂ ಕೊಬ್ಬು ಇರುವುದರಿಂದ ಒಂದು ತೊಟ್ಟು ಬಿದ್ದರೂ ಅದೇ ಗತಿ. ಸ್ಟೀಲ್ ಅಥವಾ ಗಾಜಿನ ಬಟ್ಟಲು ತೆಗೆದುಕೊಳ್ಳಿ, ಒಂದು ಹನಿ ನಿಂಬೆರಸದಿಂದ ಒಳಗೆಲ್ಲ ಒರೆಸಿ, ವಿಸ್ಕ್‌ನ ತಂತಿಗಳನ್ನೂ ಒರೆಸಿ. ಅಲ್ಯೂಮಿನಿಯಂ ಬೇಡ, ಬಿಳಿಗೆ ಬೂದು ಬಣ್ಣ ಬರುತ್ತದೆ.

ಎರಡನೆಯದು ಅಳತೆ. ಚೆನ್ನಾಗಿ ಕಡೆದ ಬಿಳಿ ಮೂಲ ಗಾತ್ರದ ಎಂಟು ಪಟ್ಟಿನವರೆಗೂ ಉಬ್ಬುತ್ತದೆ. ಒಂದು ಬಿಳಿ ಸುಮಾರು 30 ಗ್ರಾಂ. ಮೂರಕ್ಕೆ ಎರಡೂವರೆಯಿಂದ ಮೂರು ಲೀಟರ್ ಹಿಡಿಯುವ, ತಳ ಗುಂಡಗಿರುವ ಬಟ್ಟಲು ಬೇಕು. ಉಬ್ಬಲು ಅಷ್ಟು ಜಾಗ ಬೇಡದಿದ್ದರೂ ಕೈ ಬೀಸಲು ಬೇಕು. ತಳ ಚಪ್ಪಟೆಯಾಗಿದ್ದರೆ ಮೂಲೆಯ ಬಿಳಿ ವಿಸ್ಕ್‌ಗೆ ಸಿಗದೆ ನೀರಾಗಿಯೇ ಉಳಿದುಬಿಡುತ್ತದೆ.

ಇನ್ನು ಕೈಯ ಚಲನೆ. ಬಟ್ಟಲಿನೊಳಗೆ ಸುಮ್ಮನೆ ಸುತ್ತಿಸಿದರೆ ದ್ರವವೂ ವಿಸ್ಕ್ ಜತೆಗೇ ಸುತ್ತುತ್ತದೆ, ಸೀಳಿಕೊಳ್ಳುವುದಿಲ್ಲ. ಬಟ್ಟಲನ್ನು ನಿಮ್ಮ ಕಡೆಗೆ ಸ್ವಲ್ಪ ವಾಲಿಸಿ ಹಿಡಿದು, ವಿಸ್ಕ್ ಅನ್ನು ತಳದಿಂದ ಮೇಲಕ್ಕೆತ್ತಿ, ದ್ರವದಿಂದ ಪೂರ್ತಿ ಹೊರಗೆ ತಂದು, ಮತ್ತೆ ಒಳಕ್ಕೆ ಇಳಿಸಿ. ಬಿಳಿ ಅಂಟಂಟಾಗಿರುವುದರಿಂದ ತಂತಿಗಳು ಗಾಳಿಯನ್ನು ಒಳಕ್ಕೆ ಹೊತ್ತೊಯ್ಯುವಂತೆ ಬೀಸಿದರೆ ಮಾತ್ರ ಬೇಗ ಉಬ್ಬುತ್ತದೆ.

ಮೊದಲ ಒಂದು ನಿಮಿಷ ನಿಧಾನವಾಗಿ ಕಡೆಯಿರಿ. ದೊಡ್ಡ ಗುಳ್ಳೆಗಳೆದ್ದಾಗ ಪ್ರತಿ ಬಿಳಿಗೆ ಅರ್ಧ ಟೀ ಚಮಚ ನಿಂಬೆರಸ, ಇಲ್ಲವೇ ಎಂಟನೇ ಒಂದು ಟೀ ಚಮಚ ಕ್ರೀಮ್ ಆಫ್ ಟಾರ್ಟರ್ ಎಂಬ ಹುಳಿ ಪುಡಿ ಹಾಕಿ. ಹುಳಿ ಸೇರಿದರೆ ಪ್ರೋಟೀನ್‌ಗಳು ತೀರಾ ಬಿಗಿದುಕೊಳ್ಳುವುದಿಲ್ಲ, ನೊರೆ ಒಡೆದು ನೀರು ಬಿಡುವುದು ತಡವಾಗುತ್ತದೆ. ತಾಮ್ರದ ಬಟ್ಟಲು ಮಾಡುವ ಉಪಕಾರವೂ ಇದೇ. ತಾಮ್ರದ ಅಂಶ ಬಿಳಿಯ ಪ್ರೋಟೀನ್‌ಗಳಿಗೆ ಅಂಟಿಕೊಂಡು ಅವು ಅತಿಯಾಗಿ ಬಿಗಿಯದಂತೆ ತಡೆಯುತ್ತದೆ. ತಾಮ್ರದ ಬಟ್ಟಲಿದ್ದರೆ ಹುಳಿ ಹಾಕಬೇಡಿ. ಹುಳಿಗೆ ತಾಮ್ರ ಹೆಚ್ಚು ಕರಗುತ್ತದೆ.

ಸಕ್ಕರೆ ಹಾಕುವುದಿದ್ದರೆ ವಿಸ್ಕ್ ಎತ್ತಿದಾಗ ತುದಿ ಮೆತ್ತಗೆ ಬಾಗುವ ಹದ ಬಂದ ಮೇಲೆ, ಒಂದೊಂದೇ ಚಮಚ ಹಾಕಿ. ಮೊದಲೇ ಸುರಿದರೆ ಉಬ್ಬಲು ದುಪ್ಪಟ್ಟು ಹೊತ್ತು ಹಿಡಿಯಬಹುದು. ಮೊಟ್ಟೆಯನ್ನು ಫ್ರಿಜ್‌ನಿಂದ ತೆಗೆದ ತಕ್ಷಣ ಒಡೆಯಿರಿ, ತಣ್ಣಗಿದ್ದಾಗ ಹಳದಿ ಗಟ್ಟಿಯಾಗಿದ್ದು ಸುಲಭವಾಗಿ ಬೇರೆಯಾಗುತ್ತದೆ. ಬಿಳಿಯನ್ನು ಅರ್ಧ ಗಂಟೆ ಹೊರಗಿಟ್ಟ ಮೇಲೆ ಕಡೆಯಿರಿ. ನೊರೆ ಮಿನುಗು ಕಳೆದುಕೊಂಡು ಹತ್ತಿಯ ತುಣುಕುಗಳಂತೆ ಬಿಡಿಬಿಡಿಯಾಗತೊಡಗಿತೆಂದರೆ ಹದ ಮೀರಿದೆ. ಸಕ್ಕರೆ ಹಾಕುವ ಮುಂಚೆ ಹೀಗಾಗಿದ್ದರೆ ಇನ್ನೊಂದು ಬಿಳಿ ಸೇರಿಸಿ ಮೆಲ್ಲಗೆ ಕಡೆದು ನೋಡಬಹುದು.

ಪ್ರಶ್ನೆ: ಹಿಡಿ ತಿರುಗಿಸುವ ಬೀಟರ್ ತಂದೆ. ಸುತ್ತಲೂ ಸಿಡಿಯುತ್ತದೆ, ಕೇಕ್ ಹಿಟ್ಟಿನಲ್ಲಿ ಕಚ್ಚಿಕೊಂಡು ನಿಂತೇಬಿಡುತ್ತದೆ. ಬೀಟರ್ ಕೆಟ್ಟದ್ದೋ, ನಾನು ಬಳಸುವ ರೀತಿ ತಪ್ಪೋ?

ಉತ್ತರ: ಎರಡು ಬೀಟರ್‌ಗಳು ಒಂದರೊಳಗೊಂದು ಹಾದು, ಎದುರುಬದುರಾಗಿ ತಿರುಗುವ ಈ ಸಾಧನಕ್ಕೆ ಅಮೆರಿಕದಲ್ಲಿ ಟರ್ನರ್ ವಿಲಿಯಮ್ಸ್ 1870ರಲ್ಲಿ ಪೇಟೆಂಟ್ ಪಡೆದರು. ತತ್ತ್ವ ಇವತ್ತಿಗೂ ಅದೇ. ದೊಡ್ಡ ಹಲ್ಲುಚಕ್ರ ಒಂದು ಸುತ್ತು ತಿರುಗಿದರೆ ಚಿಕ್ಕ ಹಲ್ಲುಚಕ್ರಗಳು ಹಲವು ಸುತ್ತು ತಿರುಗುತ್ತವೆ. ದೊಡ್ಡದರಲ್ಲಿ 60 ಹಲ್ಲು, ಚಿಕ್ಕದರಲ್ಲಿ 12 ಇದ್ದರೆ ಹಿಡಿಯ ಒಂದು ಸುತ್ತಿಗೆ ಬೀಟರ್ ಐದು ಸುತ್ತು. ನಿಮ್ಮದರ ಲೆಕ್ಕ ತಿಳಿಯಲು ಒಂದು ಬೀಟರ್ ಪಟ್ಟಿಗೆ ದಾರದ ತುಂಡು ಕಟ್ಟಿ, ಹಿಡಿಯನ್ನು ಒಂದೇ ಒಂದು ಸುತ್ತು ನಿಧಾನವಾಗಿ ತಿರುಗಿಸಿ, ದಾರ ಎಷ್ಟು ಸಲ ಬಂತೆಂದು ಎಣಿಸಿ. ಮೂರಕ್ಕಿಂತ ಕಡಿಮೆಯಾದರೆ ಅದರಿಂದ ವಿಸ್ಕ್‌ಗಿಂತ ಹೆಚ್ಚಿನ ಅನುಕೂಲವೇನೂ ಇಲ್ಲ.

ವೇಗ ಹೆಚ್ಚಿದಷ್ಟು ಬಲ ತಗ್ಗುತ್ತದೆ, ಹಲ್ಲುಚಕ್ರದ ಲೆಕ್ಕವೇ ಹಾಗೆ. ಆದ್ದರಿಂದ ಕೇಕ್ ಹಿಟ್ಟು, ಬೆಣ್ಣೆ, ಗಟ್ಟಿ ಕಣಕ ಇದರ ಕೆಲಸವಲ್ಲ. ಒತ್ತಾಯಿಸಿದರೆ ಹಲ್ಲು ಜಾರುತ್ತದೆ, ಪ್ಲಾಸ್ಟಿಕ್ ಹಲ್ಲಾದರೆ ಸವೆಯುತ್ತದೆ, ಬೀಟರ್‌ನ ಪಟ್ಟಿ ಬಾಗಿ ಇನ್ನೊಂದಕ್ಕೆ ಬಡಿಯುತ್ತದೆ. ಮೊಟ್ಟೆಯ ಬಿಳಿ, ಇಡೀ ಮೊಟ್ಟೆ, ಕ್ರೀಮ್, ಸುರಿಯಲು ಬರುವಷ್ಟು ತೆಳು ಹಿಟ್ಟು ಇವಕ್ಕಷ್ಟೇ ಇಡಿ. ಆ ಕೆಲಸಗಳಲ್ಲಿ ಇದು ನಿಜಕ್ಕೂ ಕೈ ಉಳಿಸುತ್ತದೆ.

ಸಿಡಿಯುವುದಕ್ಕೆ ಕಾರಣ ಅಗಲ ಪಾತ್ರೆ. ಬೀಟರ್‌ನ ಅರ್ಧಕ್ಕಿಂತ ಹೆಚ್ಚು ಮುಳುಗಬೇಕು, ಎಂದರೆ ದ್ರವದ ಆಳ ಕನಿಷ್ಠ ಮೂರು ನಾಲ್ಕು ಸೆಂ.ಮೀ. ಬೇಕು. ಎತ್ತರದ, ಕಿರಿದಾದ ಪಾತ್ರೆಗೆ ಬದಲಾಯಿಸಿ. ಎರಡೂ ಕೈ ಬೀಟರ್ ಮೇಲೇ ಇರುವುದರಿಂದ ಪಾತ್ರೆ ಹಿಡಿಯಲು ಕೈ ಉಳಿಯುವುದಿಲ್ಲ. ಒದ್ದೆ ಬಟ್ಟೆಯನ್ನು ಹಗ್ಗದಂತೆ ಹೊಸೆದು ಉಂಗುರ ಮಾಡಿ, ಅದರೊಳಗೆ ಪಾತ್ರೆ ಕೂರಿಸಿ. ಬೀಟರ್ ತುದಿ ತಳಕ್ಕೆ ತಾಗದಂತೆ ಕೂದಲೆಳೆ ಮೇಲಿರಲಿ, ಮೊದಲ ಹತ್ತು ಸುತ್ತು ನಿಧಾನವಿರಲಿ.

ಹಲ್ಲುಚಕ್ರದ ಭಾಗವನ್ನು ನೀರಿನಲ್ಲಿ ಮುಳುಗಿಸಬೇಡಿ, ಬೀಟರ್‌ಗಳನ್ನಷ್ಟೇ ತೊಳೆಯಿರಿ. ತಿರುಗಲು ಬಿಗಿಯಾದರೆ ಆಹಾರದ ಸಾಧನಗಳಿಗೆಂದೇ ಮಾರುವ ಮಿನರಲ್ ಎಣ್ಣೆ ಒಂದು ಹನಿ ಸಾಕು. ಅಡುಗೆ ಎಣ್ಣೆ ಹಾಕಿದರೆ ಕೆಲವು ವಾರಗಳಲ್ಲಿ ಅಂಟಾಗಿ ಮೊದಲಿಗಿಂತ ಬಿಗಿಯಾಗುತ್ತದೆ.

ಪ್ರಶ್ನೆ: ಕ್ರೀಮ್ ಉಬ್ಬುವ ಮುಂಚೆಯೇ ಕಾಳುಕಾಳಾಗುತ್ತದೆ. ವಿಸ್ಕ್ ಬದಲಿಸಬೇಕೇ?

ಉತ್ತರ: ವಿಸ್ಕ್ ಬದಲಿಸಬೇಕಿಲ್ಲ, ಬಿಸಿ ತಗ್ಗಿಸಬೇಕು. ಕ್ರೀಮ್‌ನಲ್ಲಿ ಗಾಳಿಗುಳ್ಳೆಯನ್ನು ಹಿಡಿದು ನಿಲ್ಲಿಸುವುದು ಅರೆಗಟ್ಟಿ ಕೊಬ್ಬಿನ ಹನಿಗಳು. 10 ಡಿಗ್ರಿ ಸೆಲ್ಸಿಯಸ್ ದಾಟಿದರೆ ಆ ಕೊಬ್ಬು ಮೆತ್ತಗಾಗಿ, ಗುಳ್ಳೆ ಹಿಡಿಯುವ ಬದಲು ತನ್ನಲ್ಲೇ ಮುದ್ದೆ ಕಟ್ಟಿ ಬೆಣ್ಣೆಯಾಗಲು ಹೊರಡುತ್ತದೆ. ಬಟ್ಟಲು ಮತ್ತು ವಿಸ್ಕ್ ಎರಡನ್ನೂ ಕಾಲು ಗಂಟೆ ಫ್ರೀಜರ್‌ನಲ್ಲಿಡಿ, ಕ್ರೀಮ್ ಫ್ರಿಜ್‌ನಿಂದ ನೇರವಾಗಿ ಬರಲಿ. ಕೊಬ್ಬಿನಂಶ ಕನಿಷ್ಠ 30 ಶೇಕಡಾ ಇರಬೇಕು, 35 ಇದ್ದರೆ ಕೈಗೆ ಕೆಲಸ ಕಡಿಮೆ.

ಬಿಳಿಗೆ ಹೇಳಿದ ಎತ್ತಿ ಬೀಸುವ ಚಲನೆ ಇಲ್ಲಿ ಬೇಡ. ವಿಸ್ಕ್ ಅನ್ನು ಕ್ರೀಮ್‌ನೊಳಗೇ ಇಟ್ಟು ಎಡಬಲಕ್ಕೆ ಚುರುಕಾಗಿ ಓಡಾಡಿಸಿ. ಎಡಕ್ಕೆ ಹೊರಟ ದ್ರವ ನಿಲ್ಲುವ ಮುಂಚೆಯೇ ತಂತಿ ಬಲಕ್ಕೆ ತಿರುಗಿ ಅದನ್ನು ಎದುರಿನಿಂದ ಸೀಳುತ್ತದೆ, ಅದರಿಂದಲೇ ವೇಗ. ಗಾತ್ರ ಸುಮಾರು ಎರಡು ಪಟ್ಟಾಗಿ, ವಿಸ್ಕ್ ಹಾದ ಗೆರೆ ಮುಚ್ಚಿಕೊಳ್ಳದೆ ಉಳಿಯಿತೆಂದರೆ ಕೈ ನಿಧಾನಿಸಿ. ಅಲ್ಲಿಂದ ಮುಂದಿನ ಹದಕ್ಕೂ ಕಾಳುಕಾಳಾಗುವುದಕ್ಕೂ ನಡುವೆ ಹತ್ತಿಪ್ಪತ್ತು ಬೀಸಷ್ಟೇ ಅಂತರ. ಈಗಷ್ಟೇ ಒರಟಾಗಿದ್ದರೆ ಕಡೆಯದ ತಣ್ಣನೆ ಕ್ರೀಮ್ ಎರಡು ಚಮಚ ಹಾಕಿ ಸ್ಪ್ಯಾಚುಲಾದಿಂದ ಮೆಲ್ಲಗೆ ಮಗುಚಿ, ಸರಿಹೋಗುತ್ತದೆ. ನೀರು ಬೇರೆಯಾಗಿದ್ದರೆ ಕಡೆದು ಬೆಣ್ಣೆಯನ್ನೇ ತೆಗೆದುಕೊಳ್ಳಿ.

ಪ್ರಶ್ನೆ: ಮನೆಯಲ್ಲಿ ಮರದ ಕಡಗೋಲಿದೆ. ಅದರಿಂದಲೇ ಕ್ರೀಮ್, ಬಿಳಿ ಎರಡಕ್ಕೂ ನೊರೆ ಬರಿಸಬಹುದೇ?

ಉತ್ತರ: ಬೇಡ. ಅದರ ದಪ್ಪ ಹಲ್ಲುಗಳು ದ್ರವವನ್ನು ಸೀಳುವುದಕ್ಕಿಂತ ಹೆಚ್ಚಾಗಿ ತಳ್ಳುತ್ತವೆ, ಕೊಬ್ಬಿನ ಹನಿಗಳು ಒಂದಕ್ಕೊಂದು ಢಿಕ್ಕಿ ಹೊಡೆದು ಒಗ್ಗೂಡುತ್ತವೆ. ಬೆಣ್ಣೆಗೆ ಬೇಕಾದದ್ದೇ ಅದು, ನೊರೆಗೆ ಬೇಡವಾದದ್ದೂ ಅದೇ. ಬಿಳಿಗಂತೂ ಮರದೊಳಗೆ ಇಳಿದಿರುವ ಜಿಡ್ಡೇ ಶತ್ರು.

ಪ್ರಶ್ನೆ: ಬೆಣ್ಣೆ ಸಕ್ಕರೆ ಕಲಸುವಾಗ ಪೂರ್ತಿ ಬೆಣ್ಣೆ ವಿಸ್ಕ್ ಒಳಗೆ ಸೇರಿಕೊಳ್ಳುತ್ತದೆ. ಆಮೇಲೆ ಹಿಟ್ಟು ಹಾಕಿ ಅದರಲ್ಲೇ ಕಲಸಿದರೆ ಕೇಕ್ ರಬ್ಬರ್ ಹಾಗೆ ಆಗುತ್ತದೆ. ಏನು ಬಳಸಬೇಕು?

ಉತ್ತರ: ಬೆಣ್ಣೆ ಸಕ್ಕರೆಗೆ ಮರದ ಚಮಚ. ಅದರ ಅಗಲ ಬೆನ್ನಿನಿಂದ ಬೆಣ್ಣೆಯನ್ನು ಬಟ್ಟಲಿನ ಗೋಡೆಗೆ ಒತ್ತಿ ಉಜ್ಜಿದಾಗ ಸಕ್ಕರೆ ಹರಳಿನ ಚೂಪು ಅಂಚುಗಳು ಬೆಣ್ಣೆಯಲ್ಲಿ ಗಾಳಿಯ ಪುಟ್ಟ ಪೊಟರೆಗಳನ್ನು ಕೊರೆಯುತ್ತವೆ. ಬೆಣ್ಣೆ 18ರಿಂದ 20 ಡಿಗ್ರಿಯಲ್ಲಿರಲಿ: ಬೆರಳೊತ್ತಿದರೆ ಗುಳಿ ಬೀಳಬೇಕು, ಬೆರಳು ಮಿನುಗಬಾರದು. ಕರಗಿದ ಬೆಣ್ಣೆಯಲ್ಲಿ ಎಷ್ಟು ಕಲಸಿದರೂ ಗಾಳಿ ನಿಲ್ಲುವುದಿಲ್ಲ. 200 ಗ್ರಾಂ ಬೆಣ್ಣೆಗೆ ಕೈಯಲ್ಲಿ ಎಂಟು ಹತ್ತು ನಿಮಿಷ ಹಿಡಿಯುತ್ತದೆ, ಬಣ್ಣ ತಿಳಿಯಾಗುವುದೇ ಗುರುತು. ಆಮೇಲೆ ಮೊಟ್ಟೆ ಸೇರಿಸುವ ಹಂತಕ್ಕೆ ವಿಸ್ಕ್ ಬಂದರೂ ಅಡ್ಡಿಯಿಲ್ಲ.

ಮೈದಾ ಬಿದ್ದ ಮೇಲೆ ವಿಸ್ಕ್ ಬದಿಗಿಡಿ. ಮೈದಾ ಒದ್ದೆಯಾದಾಗ ಗ್ಲುಟೆನ್ ಎಂಬ ಅಂಟು ಪ್ರೋಟೀನ್ ಎಳೆಗಟ್ಟುತ್ತದೆ, ಬಡಿದಷ್ಟೂ ಎಳೆ ಬಲಿಯುತ್ತದೆ. ರಬ್ಬರ್‌ತನ ಬಂದದ್ದು ಹೀಗೆ. ಸಿಲಿಕೋನ್ ಸ್ಪ್ಯಾಚುಲಾವನ್ನು ನಡುವೆ ಲಂಬವಾಗಿ ಇಳಿಸಿ, ತಳ ಸವರಿ ನಿಮ್ಮತ್ತ ಎಳೆದು, ಮೇಲಕ್ಕೆತ್ತಿ ಮಗುಚಿ, ಬಟ್ಟಲನ್ನು ಕಾಲು ಸುತ್ತು ತಿರುಗಿಸಿ. ಒಣ ಹಿಟ್ಟು ಕಾಣದಾದ ತಕ್ಷಣ ನಿಲ್ಲಿಸಿ. ಮೊಟ್ಟೆಯ ನೊರೆಯನ್ನು ಗಟ್ಟಿ ಹಿಟ್ಟಿಗೆ ಸೇರಿಸುವುದೂ ಹೀಗೆಯೇ. ಮೊದಲು ನೊರೆಯ ಮೂರನೇ ಒಂದು ಭಾಗವನ್ನು, ಅದು ಕುಗ್ಗುವುದನ್ನು ಲೆಕ್ಕಿಸದೆ, ಕಲಸಿ ಹಿಟ್ಟನ್ನು ಸಡಿಲ ಮಾಡಿಕೊಳ್ಳಿ, ಉಳಿದದ್ದನ್ನು ಎರಡು ಸಲಕ್ಕೆ ಮಗುಚಿ. ಸ್ಪ್ಯಾಚುಲಾದ ತುದಿ ಬಾಗಬೇಕು, ನಡು ಗಟ್ಟಿಯಿರಬೇಕು. ಪೂರ್ತಿ ಬಳುಕುವುದನ್ನು ಕೊಳ್ಳಬೇಡಿ.

ಪ್ರಶ್ನೆ: ಉದ್ದ ಮರದ ಹಿಡಿಗೆ ಎರಡು ಮೂರು ಸುರುಳಿ ದಪ್ಪ ತಂತಿ ಇರುವ ವಿಸ್ಕ್ ನೋಡಿದೆ. ಅದು ಯಾವುದಕ್ಕೆ?

ಉತ್ತರ: ಡೇನಿಶ್ ಡೋ ವಿಸ್ಕ್ ಎಂದು ಮಾರುವುದು ಅದನ್ನೇ. ತಂತಿ ಗಟ್ಟಿ, ಸಂದು ದೊಡ್ಡದು, ಹಾಗಾಗಿ ಅಂಟು ಹಿಟ್ಟು ಒಳಗೆ ನಿಲ್ಲುವುದಿಲ್ಲ. 500 ಗ್ರಾಂ ಹಿಟ್ಟಿಗೆ 350ರಿಂದ 400 ಮಿ.ಲೀ. ನೀರಿರುವ ಜಿಗುಟು ಬ್ರೆಡ್ ಹಿಟ್ಟು, ಮಫಿನ್, ಪ್ಯಾನ್‌ಕೇಕ್ ಹಿಟ್ಟು ಇದರಲ್ಲಿ ಒಂದು ನಿಮಿಷದೊಳಗೆ ಒಂದಾಗುತ್ತವೆ. ಗಾಳಿ ತುಂಬಲು ಬಾರದು, ಗಟ್ಟಿ ಕಣಕವನ್ನು ನಾದಲೂ ಬಾರದು. ಬ್ರೆಡ್ ಮಾಡುವ ಅಭ್ಯಾಸವಿದ್ದರೆ ಕೊಳ್ಳಿ, ಇಲ್ಲವಾದರೆ ಮರದ ಚಮಚವೇ ಸಾಕು.

ಪ್ರಶ್ನೆ: ವೈಟ್ ಸಾಸ್‌ನಲ್ಲಿ ಗಂಟು ತಪ್ಪುವುದಿಲ್ಲ. ಸ್ಟೀಲ್ ವಿಸ್ಕ್ ಬಳಸಿದರೆ ನಾನ್‌ಸ್ಟಿಕ್ ಗೀರು ಬೀಳುತ್ತದೆ.

ಉತ್ತರ: ಗಂಟು ಹುಟ್ಟುವುದು ಪಾತ್ರೆಯ ಗೋಡೆ ಮತ್ತು ತಳ ಸೇರುವ ಮೂಲೆಯಲ್ಲಿ. ಬಲೂನ್ ವಿಸ್ಕ್‌ನ ಗುಂಡು ತುದಿ ಅಲ್ಲಿಗೆ ಇಳಿಯುವುದಿಲ್ಲ. ತಂತಿಗಳೆಲ್ಲ ಒಂದೇ ಸಮತಲದಲ್ಲಿರುವ ಚಪ್ಪಟೆ ವಿಸ್ಕ್ ಇದಕ್ಕೆಂದೇ ಇದೆ. ಅಗಲ ಬಾಣಲೆಯಲ್ಲಿ ತಳವನ್ನು ಪೂರ್ತಿ ಸವರುತ್ತದೆ. ನಾನ್‌ಸ್ಟಿಕ್‌ಗೆ ಸಿಲಿಕೋನ್ ಹೊದಿಕೆಯದನ್ನು ಕೊಳ್ಳಿ, ಎಷ್ಟು ಡಿಗ್ರಿ ತಡೆಯುತ್ತದೆಂದು ಪ್ಯಾಕೆಟ್ ಮೇಲೆ ಓದಿಕೊಳ್ಳಿ. ನೈಲಾನ್ ತಂತಿ ಬಿಸಿ ಬಾಣಲೆಗೆ ಒರಗಿಕೊಂಡರೆ ಮೆತ್ತಗಾಗಿ ಸೊಟ್ಟಗಾಗುತ್ತದೆ. ಸಿಲಿಕೋನ್ ತಂತಿ ದಪ್ಪವಿರುವುದರಿಂದ ನೊರೆಗೆ ಒಗ್ಗುವುದಿಲ್ಲ. ಹೊದಿಕೆ ಸೀಳಿದರೆ ವಿಸ್ಕ್ ಬಿಸಾಡಿ, ಒಳಗೆ ನೀರು ನಿಂತು ತಂತಿ ತುಕ್ಕು ಹಿಡಿಯುತ್ತದೆ.

ಅಳತೆ: 30 ಗ್ರಾಂ ಬೆಣ್ಣೆ, 30 ಗ್ರಾಂ ಮೈದಾ, ಅರ್ಧ ಲೀಟರ್ ಹಾಲು. ಬೆಣ್ಣೆಯಲ್ಲಿ ಮೈದಾ ಎರಡು ನಿಮಿಷ ಹುರಿದು, ಉರಿ ತಗ್ಗಿಸಿ, 100 ಮಿ.ಲೀ. ಹಾಲು ಮಾತ್ರ ಹಾಕಿ ನುಣ್ಣನೆ ಪೇಸ್ಟ್ ಆಗುವವರೆಗೆ ಕಲಸಿ. ಪೇಸ್ಟ್ ಗಟ್ಟಿಯಿದ್ದಾಗಲೇ ತಂತಿಯ ಒತ್ತಡಕ್ಕೆ ಗಂಟು ಒಡೆಯುತ್ತದೆ. ಹಾಲನ್ನೆಲ್ಲ ಒಮ್ಮೆಗೇ ಸುರಿದರೆ ಗಂಟುಗಳು ತೇಲಿಕೊಂಡು ತಪ್ಪಿಸಿಕೊಳ್ಳುತ್ತವೆ.

ಪ್ರಶ್ನೆ: ಮೇಯನೇಸ್ ಒಡೆಯುತ್ತದೆ. ದೊಡ್ಡ ವಿಸ್ಕ್‌ನಲ್ಲೇ ಮಾಡುತ್ತೇನೆ.

ಉತ್ತರ: ಒಂದೇ ಹಳದಿ ದೊಡ್ಡ ವಿಸ್ಕ್‌ನ ಎರಡು ಮೂರು ತಂತಿಗಳಿಗಷ್ಟೇ ತಾಗುತ್ತದೆ. 20 ಸೆಂ.ಮೀ.ನ ಸಣ್ಣ, ಕಿರಿದಾದ ವಿಸ್ಕ್ ಮತ್ತು ಚಿಕ್ಕ ಗುಂಡು ಬಟ್ಟಲು ತೆಗೆದುಕೊಳ್ಳಿ. ಒಂದು ಹಳದಿ, ಒಂದು ಟೀ ಚಮಚ ಸಾಸಿವೆ ಪೇಸ್ಟ್, ಒಂದು ಟೀ ಚಮಚ ನಿಂಬೆರಸ ಅಥವಾ ವಿನೆಗರ್, 150 ಮಿ.ಲೀ. ಎಣ್ಣೆ, ಎಲ್ಲವೂ ಕೋಣೆಯ ಬಿಸಿಯಲ್ಲಿರಲಿ. ಮೊದಲ ಎರಡು ದೊಡ್ಡ ಚಮಚ ಎಣ್ಣೆ ಹನಿಹನಿಯಾಗಿಯೇ ಬೀಳಬೇಕು. ಗಟ್ಟಿಯಾದ ಮೇಲೆ ದಾರದಂತೆ ಸುರಿಯಬಹುದು. ಒಡೆದಿದ್ದರೆ ಬೇರೆ ಬಟ್ಟಲಿನಲ್ಲಿ ಹೊಸ ಹಳದಿ ಕಡೆದುಕೊಂಡು, ಒಡೆದದ್ದನ್ನು ಅರ್ಧರ್ಧ ಚಮಚದಂತೆ ಸೇರಿಸಿ. ಇದರಲ್ಲಿ ಮೊಟ್ಟೆ ಹಸಿಯಾಗಿಯೇ ಉಳಿಯುವುದರಿಂದ ಗರ್ಭಿಣಿಯರು, ಚಿಕ್ಕ ಮಕ್ಕಳು, ವಯಸ್ಸಾದವರಿಗೆ ಪಾಶ್ಚರೀಕರಿಸಿದ (ರೋಗಾಣು ಸಾಯುವಂತೆ ಹದವಾಗಿ ಬಿಸಿ ಮಾಡಿದ) ಮೊಟ್ಟೆಯಲ್ಲೇ ಮಾಡಿ.

ಪ್ರಶ್ನೆ: ಆಮ್ಲೆಟ್‌ಗೆ ವಿಸ್ಕ್ ಬೇಕೇ?

ಉತ್ತರ: ಫೋರ್ಕ್ ಸಾಕು. ಬಿಳಿಯ ಗಟ್ಟಿ ಎಳೆಗಳು ಅದರ ಹಲ್ಲಿಗೆ ಸಿಕ್ಕಿ ತುಂಡಾಗುತ್ತವೆ, ಬೇಡದ ನೊರೆಯೂ ಏಳುವುದಿಲ್ಲ.

ಪ್ರಶ್ನೆ: ಮಣಿಕಟ್ಟು ನೋವಿದೆ. ಕೈಯಲ್ಲಿ ಕಡೆಯುವುದನ್ನು ಬಿಡಲೇಬೇಕೇ?

ಉತ್ತರ: ನೋವು ದಿನಗಟ್ಟಲೆ ಉಳಿಯುತ್ತಿದ್ದರೆ ಮೊದಲು ವೈದ್ಯರಿಗೆ ತೋರಿಸಿ. ದಣಿವಷ್ಟೇ ಆದರೆ ಬಟ್ಟಲಿಟ್ಟ ಎತ್ತರ ನೋಡಿ. ಅದರ ಅಂಚು ಮೊಣಕೈಗಿಂತ ಕೆಳಗಿರಬೇಕು, ಬೇಕಿದ್ದರೆ ಬಟ್ಟಲನ್ನು ಸಿಂಕ್‌ನೊಳಗೆ ಒದ್ದೆ ಬಟ್ಟೆಯ ಮೇಲಿಡಿ. ಹಿಡಿ ದಪ್ಪವಿದ್ದಷ್ಟೂ ಮುಷ್ಟಿ ಬಿಗಿಯುವುದು ಕಡಿಮೆ, ವಿಸ್ಕ್ ಹಗುರವಿದ್ದಷ್ಟೂ ಒಳ್ಳೆಯದು. ಹಿಡಿಯನ್ನು ಕೆಳಕ್ಕೆ ಒತ್ತಿದರೆ ತಾನೇ ತಿರುಗುವ ವಿಸ್ಕ್‌ಗಳಿವೆ, ಒಂದೇ ಕೈ ಸಾಕು. ಎರಡು ಮೊಟ್ಟೆ, ಒಂದು ಲೋಟ ಹಾಲು ಇಷ್ಟಕ್ಕೆ ಅವು ಚೆನ್ನ, ಗಟ್ಟಿ ಪದಾರ್ಥದಲ್ಲಿ ಒಳಗಿನ ಸ್ಪ್ರಿಂಗ್ ಸೋಲುತ್ತದೆ. ಸಲಾಡ್‌ಗೆ ಎಣ್ಣೆ ಮತ್ತು ಹುಳಿ ಬೆರೆಸಲು ವಿಸ್ಕ್ ಹಿಡಿಯಲೇಬೇಡಿ. ಬಿಗಿ ಮುಚ್ಚಳದ ಗಾಜಿನ ಬಾಟಲಿಗೆ ಅರ್ಧದಷ್ಟು ತುಂಬಿ ಹತ್ತು ಸೆಕೆಂಡ್ ಕುಲುಕಿ.

ಪ್ರಶ್ನೆ: ತೊಳೆದಿಟ್ಟ ವಿಸ್ಕ್‌ನಿಂದ ಮರುದಿನ ಕಂದು ನೀರು ತೊಟ್ಟಿಕ್ಕಿತು. ಬಳಸಬಹುದೇ?

ಉತ್ತರ: ಬಳಸಬೇಡಿ. ಟೊಳ್ಳು ಹಿಡಿಯೊಳಗೆ ನೀರು ಹೋಗಿ ನಿಂತಿದೆ. ಕಂದು ಬಣ್ಣ ಒಳಗಿನ ತುಕ್ಕಿನದು, ಅದರ ಜತೆ ಹಳೆಯ ಮೊಟ್ಟೆ ಹಾಲಿನ ಅಂಶವೂ ಕೊಳೆತಿರುತ್ತದೆ, ಅದನ್ನು ತೊಳೆದು ತೆಗೆಯಲು ದಾರಿಯಿಲ್ಲ. ಹೊಸದು ತಂದಾಗ ಒಮ್ಮೆ ತೊಳೆದು, ಕಿವಿಯ ಬಳಿ ಹಿಡಿದು ಅಲ್ಲಾಡಿಸಿ. ಒಳಗೆ ನೀರಿನ ಸದ್ದು ಬಂದರೆ ಅಂದೇ ಹಿಂತಿರುಗಿಸಿ.

ಮೊಟ್ಟೆ ತಾಗಿದ ವಿಸ್ಕ್‌ಗೆ ಮೊದಲು ತಣ್ಣೀರು. ಬಿಸಿನೀರು ಬಿದ್ದರೆ ಮೊಟ್ಟೆ ತಂತಿಯ ಮೇಲೇ ಬೆಂದು ಅಂಟಿಕೊಳ್ಳುತ್ತದೆ. ಆಮೇಲೆ ಬಟ್ಟಲಿಗೆ ಬೆಚ್ಚಗಿನ ಸೋಪುನೀರು ಹಾಕಿ, ಅದರಲ್ಲೇ ವಿಸ್ಕ್ ಅನ್ನು ಅರ್ಧ ನಿಮಿಷ ಕಡೆಯಿರಿ, ಬಟ್ಟಲೂ ಸ್ವಚ್ಛವಾಗುತ್ತದೆ. ತಂತಿಗಳು ಒಂದನ್ನೊಂದು ದಾಟುವ ತುದಿಯಲ್ಲಿ ಹಿಟ್ಟು ಉಳಿಯುವುದರಿಂದ ಅಲ್ಲಿಗೆ ಹಳೆಯ ಟೂತ್‌ಬ್ರಷ್ ಆಡಿಸಿ. ತಂತಿ ಕೆಳಗಾಗುವಂತೆ ನೇತುಹಾಕಿ ಒಣಗಿಸಿ.